ಡಿಕ್ರಿ ಕೈಯಲ್ಲಿ, ಮನೆ ಬೇರೆಯವರ ಕೈಯಲ್ಲಿ: ಪೊಲೀಸ್ ನೆರವು ಪಡೆದ ನಮ್ಮ ಅನುಭವ

ಠಾಣೆಗೆ ನಾನೇ ನೇರವಾಗಿ ಹೋದಾಗ ಸಿಕ್ಕ ಸೇವೆಗೆ ಐದರಲ್ಲಿ ಒಂದು ಅಂಕ. ಕೋರ್ಟ್ ಮೂಲಕ ಕೇಳಿದಾಗ ಸಿಕ್ಕಿದ್ದಕ್ಕೆ ನಾಲ್ಕೂವರೆ. ಠಾಣೆ ಅದೇ, ಪೊಲೀಸರೂ ಅವರೇ. ಕಾರವಾರದಿಂದ ಭಟ್ಕಳದವರೆಗೆ ಯಾವ ಊರಿನ ಠಾಣೆ ಅಂತ ಬರೆಯುವುದಿಲ್ಲ, ಅದು ಮುಖ್ಯವೂ ಅಲ್ಲ.

ನಮ್ಮದು ಕಡಲ ಬದಿಯ 11 ಗುಂಟೆ ಹಿತ್ತಲು. ಚಿರೇಕಲ್ಲಿನ ಹಳೇ ಮನೆ, ಒಂದು ಬಾವಿ, 14 ತೆಂಗಿನ ಮರ. ಅಪ್ಪ ತೀರಿಕೊಂಡ ಮೇಲೆ ಆಯಿಯನ್ನು ಶಿರಸಿಗೆ ಕರೆದುಕೊಂಡು ಬಂದೆ. ಆ ಮಳೆಗಾಲ ಮುಗಿಯುವುದರೊಳಗೆ ದಾಯಾದಿಯೊಬ್ಬರು ನಮ್ಮ ಬೀಗ ಒಡೆದು ಒಳಗೆ ಸೇರಿಕೊಂಡಿದ್ದರು. ಪಹಣಿ ನಮ್ಮ ಹೆಸರಲ್ಲೇ ಇತ್ತು. ಆದರೂ ಕೇಸು 9 ವರ್ಷ ನಡೆಯಿತು. ಅಪೀಲಿನಲ್ಲೂ ಗೆದ್ದೆವು.

ಗೆದ್ದ ಖುಷಿಯಲ್ಲಿ ಡಿಕ್ರಿಯ (ಮನೆ ನಮಗೆ ಬಿಟ್ಟುಕೊಡಬೇಕು ಅನ್ನುವ ಕೋರ್ಟಿನ ತೀರ್ಪಿನ ಆದೇಶ) ನಕಲು ಹಿಡಿದು ಠಾಣೆಗೆ ಹೋದೆ. ಮೂರು ತಾಸು ಬೆಂಚಿನ ಮೇಲೆ ಕೂರಿಸಿದರು, ಆಮೇಲೆ ಒಬ್ಬರು ಮೊದಲ ಪುಟವನ್ನೂ ಪೂರ್ತಿ ಓದದೆ "ಇದು ಸಿವಿಲ್ ಮ್ಯಾಟರ್, ನಾವು ಕೈ ಹಾಕೋಕೆ ಬರೋದಿಲ್ಲ, ಇಬ್ಬರೂ ಕೂತು ಬಗೆಹರಿಸಿಕೊಳ್ಳಿ" ಅಂದುಬಿಟ್ಟರು. 9 ವರ್ಷ ಕೋರ್ಟಿಗೆ ಅಲೆದವರಿಗೆ ಹೇಳುವ ಮಾತಾ ಇದು? ಅವರು ಹೇಳಿದ್ದರಲ್ಲಿ ಅರ್ಧ ಸರಿ ಅನ್ನೋದು ನನಗೆ ಆಮೇಲೆ ತಿಳಿಯಿತು. ಡಿಕ್ರಿ ಇದೆ ಅಂತ ಪೊಲೀಸರೇ ಬಂದು ಮನೆ ಬಿಡಿಸಿಕೊಡುವ ಹಾಗಿಲ್ಲ, ಅದು ಕೋರ್ಟಿನ ಆದೇಶ ಜಾರಿ ಮಾಡುವ ಸಿಬ್ಬಂದಿಯ, ಅಂದರೆ ಬೇಲಿಫರ ಕೆಲಸ. ಅಷ್ಟನ್ನು ಎರಡು ಮಾತಿನಲ್ಲಿ ಹೇಳಿ ಕಳಿಸಬಹುದಿತ್ತು ಅಲ್ವಾ? ನಾನು ಕೊಟ್ಟ ಅರ್ಜಿಗೆ ಸ್ವೀಕೃತಿಯನ್ನೂ ಕೊಡಲಿಲ್ಲ.

ದಾರಿ ತೋರಿಸಿದ್ದು ನಮ್ಮ ವಕೀಲರು. ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿ, ಅಂದರೆ ಡಿಕ್ರಿಯನ್ನು ಜಾರಿ ಮಾಡಿಸಿಕೊಡಿ ಅನ್ನುವ ಅರ್ಜಿ ಹಾಕಬೇಕು. ಸ್ವಾಧೀನದ ಡಿಕ್ರಿಗೆ 12 ವರ್ಷ ಅವಕಾಶ ಇದೆ, ಆದರೆ ಸುಮ್ನೆ ಕಾಯಬೇಡಿ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶ (ಅದರಲ್ಲಿ ಅಧ್ಯಾಯಕ್ಕೆ ಹೀಗೆ ಹೇಳುತ್ತಾರೆ), 35ನೇ ನಿಯಮದಲ್ಲಿ ಸ್ವಾಧೀನದ ವಾರಂಟ್ ಹೊರಡುತ್ತದೆ. ಮೊದಲ ಸಲ ಬೇಲಿಫ್ ಒಬ್ಬರೇ ಬಂದರು. ದಾಯಾದಿ ಕಡೆಯವರು ದಣಪೆ ದಾಟಲೂ ಬಿಡಲಿಲ್ಲ, ನಾಯಿ ಬಿಟ್ಟರು. ಬೇಲಿಫರು ಜಗಳಕ್ಕೆ ನಿಲ್ಲದೆ ಆದದ್ದನ್ನು ಆದ ಹಾಗೆ ಬರೆದು ಕೋರ್ಟಿಗೆ ವರದಿ ಕೊಟ್ಟರು. ನಮ್ಮ ಕೈ ಬಲಪಡಿಸಿದ್ದು ಆ ಒಂದು ಹಾಳೆ. ಅದನ್ನು ಲಗತ್ತಿಸಿ ಪೊಲೀಸ್ ನೆರವು ಬೇಕು ಅಂತ ಅದೇ ಸಂಹಿತೆಯ 151ನೇ ಕಲಮಿನಡಿ ಅರ್ಜಿ ಹಾಕಿದೆವು. 2021ರಲ್ಲಿ ರಾಹುಲ್ ಎಸ್. ಶಾ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ ಇದನ್ನೇ ಹೇಳಿದೆ: ಪೊಲೀಸರಿಲ್ಲದೆ ಡಿಕ್ರಿ ಜಾರಿ ಆಗುವುದಿಲ್ಲ ಅಂತ ಕೋರ್ಟಿಗೆ ಅನಿಸಿದರೆ ನೆರವು ಕೊಡಿ ಅಂತ ಠಾಣೆಗೆ ಆದೇಶಿಸಬಹುದು, ಅಮಲ್ಜಾರಿ ಅರ್ಜಿಯನ್ನು ಹಾಕಿದ 6 ತಿಂಗಳೊಳಗೆ ಮುಗಿಸಬೇಕು. ನಮ್ಮದಕ್ಕೆ ಅದಕ್ಕಿಂತ ಜಾಸ್ತಿ ಹಿಡಿಯಿತು.

ಕೊನೆಗೆ ಪೊಲೀಸ್ ನೆರವಿನ ಆದೇಶ ಸಿಕ್ಕಿತು. ಮನೆ ಬಿಡಿಸುವ ದಿನ ಬೇಲಿಫರ ಜೊತೆ ಬಂದವರು ಒಬ್ಬರು ಎಎಸ್‌ಐ, ನಾಲ್ವರು ಪೇದೆಗಳು. ಅವರಲ್ಲಿ ಇಬ್ಬರು ಹೆಣ್ಣುಮಕ್ಕಳು. ಎಎಸ್‌ಐ ಅಂಗಳದಲ್ಲೇ ನಿಂತು ಎರಡೂ ಕಡೆಯವರಿಗೆ ಕೇಳುವ ಹಾಗೆ ಹೇಳಿದರು: "ನಾವು ಯಾರ ಪರವೂ ಅಲ್ಲ. ಕೋರ್ಟಿನವರ ಮೈ ಮುಟ್ಟಿದರೆ ಮಾತ್ರ ನಮ್ಮ ಕೆಲಸ ಶುರು." ದಾಯಾದಿಯ ತಾಯಿ, ನನಗೆ ದೊಡ್ಡಾಯಿ ಆಗಬೇಕು, ಒಳಗಿಂದ ಚಿಲಕ ಹಾಕಿಕೊಂಡು ಕೂತಿದ್ದರು. ಎಚ್ಚರಿಕೆ ಕೊಟ್ಟು ಬಾಗಿಲು ಒಡೆಯಲು ಬೇಲಿಫರಿಗೆ ಕಾನೂನಿನಲ್ಲಿ ಅವಕಾಶ ಇದೆ. ಸುತ್ತಿಗೆ ಹಿಡಿದ ಆಳೂ ಬಂದಿದ್ದ. ಆದರೆ ಒಬ್ಬ ಮಹಿಳಾ ಪೇದೆ ಜಗಲಿಯ ಮೇಲೆ ಕೂತು ಕಿಟಕಿಯಿಂದ "ಅಜ್ಜಿ, ಮಾತ್ರೆ ತಗೊಂಡ್ರಾ? ಊಟ ಆಯ್ತಾ?" ಅಂತ ಶುರುಮಾಡಿ ಮುಕ್ಕಾಲು ಗಂಟೆ ಮಾತಾಡಿಸಿದರು. ದೊಡ್ಡಾಯಿಯೇ ಚಿಲಕ ತೆಗೆದರು. ಒಲೆಯ ಮೇಲೆ ಗಂಜಿ ಬೇಯುತ್ತಿತ್ತು. ಅದು ಬೆಂದು, ಅವರು ಉಂಡು ಕೈ ತೊಳೆದ ಮೇಲೆಯೇ ಪಾತ್ರೆ ಹೊರಗೆ ಬಂತು. ಬೇಲಿಫರು ಪಂಚನಾಮೆಯಲ್ಲಿ ಒಂದೊಂದನ್ನೂ ಬರೆದರು: ತಾಮ್ರದ ಹಂಡೆ ಎರಡು, ಕಬ್ಬಿಣದ ಕಪಾಟು ಒಂದು, ಕುಚ್ಚಿಗೆ ಅಕ್ಕಿ ಅರ್ಧ ಮೂಟೆ. ಸುತ್ತಿಗೆ ಬಿದ್ದದ್ದು ಕೊಟ್ಟಿಗೆಯ ಬೀಗಕ್ಕೆ ಮಾತ್ರ. ಹೊಸ ಬೀಗದ ಕೈಯನ್ನು ಆಯಿಗೇ ಕೊಟ್ಟು ಸಹಿ ಹಾಕಿಸಿಕೊಂಡರು. ಅವಳ ಕೈ ನಡುಗುತ್ತಿತ್ತು.

ಅರ್ಧ ಅಂಕ ಕಡಿಮೆ ಮಾಡಿದ್ದು ತಡ ಮಾಡಿದ್ದಕ್ಕೆ. 9 ಗಂಟೆ ಅಂದವರು ಬಂದದ್ದು ಹನ್ನೊಂದೂವರೆಗೆ. ಅಷ್ಟರಲ್ಲಿ ಊರಿಡೀ ಜನ ಸೇರಿ ಗಲಾಟೆ ಆಗುವುದೊಂದು ಬಾಕಿ ಇತ್ತು.

ಇದೇ ದಾರಿಯಲ್ಲಿ ಹೋಗುವವರು ವಾರಂಟಿನಲ್ಲಿರುವ ಸರ್ವೆ ನಂಬರು, ಚಕ್ಕುಬಂದಿ (ಜಾಗದ ನಾಲ್ಕೂ ಬದಿಯ ಗಡಿ ವಿವರ) ಡಿಕ್ರಿಗೆ ತಾಳೆಯಾಗುತ್ತದಾ ಅಂತ ಮೊದಲೇ ನೋಡಿಕೊಳ್ಳಿ. ಬಂದೋಬಸ್ತಿಗೆ ಹಣ ಕಟ್ಟಲು ಹೇಳಿದರೆ ರಶೀದಿ ಜೋಪಾನ. ನಿಮ್ಮ ಹತ್ತಿರ ಇರುವುದು ಬರೀ ತಾತ್ಕಾಲಿಕ ತಡೆಯಾಜ್ಞೆ ಆಗಿದ್ದು ಎದುರಿನವರು ಅದನ್ನು ಮುರಿದರೆ ದಾರಿ ಬೇರೆ, ಅದೇ ಸಂಹಿತೆಯ 39ನೇ ಆದೇಶದ 2ಎ ನಿಯಮ. ಅದರಲ್ಲಿ 3 ತಿಂಗಳವರೆಗೆ ಸಿವಿಲ್ ಜೈಲಿಗೆ ಕಳಿಸಬಹುದು.

ಠಾಣೆಯವರಲ್ಲಿ ಒಂದೇ ಕೋರಿಕೆ. ನಾನು ಮೂರು ತಾಸು ಕೂತಿದ್ದ ಆ ಬೆಂಚಿನ ಎದುರು ಗೋಡೆ ಖಾಲಿ ಇದೆ. ಅಲ್ಲಿ ದೊಡ್ಡ ಅಕ್ಷರದಲ್ಲಿ, ಕನ್ನಡದಲ್ಲಿ ಬರೆಸಿ: "ಸ್ವಾಧೀನದ ಡಿಕ್ರಿ ಇದ್ದವರು ಕೋರ್ಟಿನಲ್ಲಿ ಅಮಲ್ಜಾರಿ ಅರ್ಜಿ ಹಾಕಿ, ಪೊಲೀಸ್ ನೆರವಿನ ಆದೇಶ ತನ್ನಿ. ನಾವು ಬರುತ್ತೇವೆ."