ಶಿರಸಿಯಲ್ಲಿ ಮಕ್ಕಳ ದೃಷ್ಟಿ ತಪಾಸಣೆ: ಯಂತ್ರಕ್ಕಿಂತ ಹನಿ ಮದ್ದಿಗೆ ಕೊಟ್ಟ ಹಣ ಸಾರ್ಥಕ

ಶಿರಸಿ ಪೇಟೆಯ ಖಾಸಗಿ ಕಣ್ಣಿನ ಚಿಕಿತ್ಸಾಲಯವೊಂದರಲ್ಲಿ ಆರು ತಿಂಗಳ ಶಿಶುಗಳಿಂದ ಹಿಡಿದು ಶಾಲೆಗೆ ಹೋಗುವ ಮಕ್ಕಳವರೆಗೆ ದೃಷ್ಟಿ ತಪಾಸಣೆ ಮಾಡುತ್ತಾರೆ. ನಮ್ಮ ನಾಲ್ಕು ವರ್ಷದ ಮಗಳನ್ನೂ ತಂಗಿಯ ಎಂಟು ತಿಂಗಳ ಮಗನನ್ನೂ ಅಲ್ಲಿ ತೋರಿಸಿದ ಅನುಭವದ ಮೇಲೆ ಇದನ್ನು ಬರೆಯುತ್ತಿದ್ದೇನೆ. ಮೆಚ್ಚುವ ಸಂಗತಿಗಳ ಜೊತೆಗೆ ದೂರುವ ಸಂಗತಿಗಳೂ ಇರುವುದರಿಂದ ಹೆಸರನ್ನು ಬಿಟ್ಟಿದ್ದೇನೆ. ಮಗುವೊಂದಕ್ಕೆ 400 ರೂಪಾಯಿ ಶುಲ್ಕ. ಹನಿ ಹಾಕಿ ಮಾಡುವ ಪರೀಕ್ಷೆಯೂ ಅದರಲ್ಲೇ ಸೇರಿದೆ. ಅದು ಸೇರಿರದಿದ್ದರೆ ದುಬಾರಿಯಾಯಿತೆಂದೇ ಹೇಳುತ್ತಿದ್ದೆ.

ಮೊದಲು ಮಾಡುವುದು ಕೈಯಲ್ಲಿ ಹಿಡಿಯುವ ಕ್ಯಾಮೆರಾದಂತಹ ಯಂತ್ರದ ತಪಾಸಣೆ. ಕಿಟಕಿಯ ಪರದೆ ಎಳೆದು, ಮಗುವನ್ನು ತಾಯಿಯ ತೊಡೆಯ ಮೇಲೆ ಕೂರಿಸಿ, ಸುಮಾರು ಒಂದು ಮೀಟರ್ ದೂರದಿಂದ ಯಂತ್ರವನ್ನು ಹಿಡಿಯುತ್ತಾರೆ. ಹಕ್ಕಿ ಕೂಗಿದಂತಹ ಸದ್ದಿಗೆ ಮಗು ಅತ್ತ ತಿರುಗಿದ ಕ್ಷಣದಲ್ಲಿ ಅವಕೆಂಪು ಕಿರಣಗಳ ಸಹಾಯದಿಂದ ಎರಡೂ ಕಣ್ಣುಗಳ ನಂಬರಿನ ಅಂದಾಜು, ಅವುಗಳ ನಡುವಿನ ವ್ಯತ್ಯಾಸ, ನೋಟದ ದಿಕ್ಕು ಇಷ್ಟನ್ನೂ ಅದು ತೋರಿಸುತ್ತದೆ. ನಾವು ಹೋದ ದಿನ ಮಳೆಗೆ ಕರೆಂಟು ಹೋಗಿತ್ತು (ಶಿರಸಿಯವರಿಗೆ ಇದನ್ನು ವಿವರಿಸಬೇಕಾಗಿಲ್ಲ). ಯಂತ್ರ ಬ್ಯಾಟರಿಯದಾದ್ದರಿಂದ ಕೆಲಸ ನಿಲ್ಲಲಿಲ್ಲ. ಆದರೆ ಈ ಯಂತ್ರ ಮಗುವಿಗೆ ಎಷ್ಟು ಕಾಣುತ್ತದೆ ಎಂಬುದನ್ನು ಅಳೆಯುವುದಿಲ್ಲ, ದೃಷ್ಟಿ ಕುಂಠಿತವಾಗುವ ಅಪಾಯವಿದೆಯೇ ಎಂಬುದನ್ನಷ್ಟೇ ಸೂಚಿಸುತ್ತದೆ. ಇದನ್ನು ನಾವು ಕೇಳುವ ಮೊದಲೇ ಅಲ್ಲಿಯ ಆಪ್ಟೋಮೆಟ್ರಿಸ್ಟ್ (ದೃಷ್ಟಿ ಪರೀಕ್ಷಕರು) ತಿಳಿಸಿದ್ದು ನನಗೆ ಹಿಡಿಸಿತು.

ಅಕ್ಷರ ಬಾರದ ಮಕ್ಕಳಿಗಾಗಿ ಅವರು ಸೇಬು, ಮನೆ, ವೃತ್ತ, ಚೌಕಗಳ ಚಿತ್ರಗಳನ್ನು ಬಳಸುತ್ತಾರೆ. ಫಿನ್ಲೆಂಡಿನ ವೈದ್ಯೆ ಲಿಯಾ ಹ್ಯುವರಿನೆನ್ ರೂಪಿಸಿದ ಚಿತ್ರಗಳಿವು. ಮಗು ಹೆಸರು ಹೇಳಬೇಕೆಂದಿಲ್ಲ, ಎದುರಿಗೆ ತೋರಿಸಿದ ಚಿತ್ರವನ್ನು ತನ್ನ ಕೈಯಲ್ಲಿರುವ ಕಾರ್ಡಿನಲ್ಲಿ ಬೆರಳಿಟ್ಟು ತೋರಿಸಿದರೆ ಸಾಕು. ಮಗಳ ಬಲಗಣ್ಣು ಮುಚ್ಚಿದಾಗ ಅವಳು ಆಟದಂತೆ ಎಲ್ಲವನ್ನೂ ತೋರಿಸಿದಳು. ಎಡಗಣ್ಣು ಮುಚ್ಚಿದೊಡನೆ ತಲೆ ಓರೆ ಮಾಡಿ, ಮುಚ್ಚಿದ ಪಟ್ಟಿಯನ್ನು ಕಿತ್ತು, ಅಮ್ಮನ ಸೆರಗು ಹಿಡಿದಳು. ನಾವು ಅದನ್ನು ಹಟವೆಂದು ತಿಳಿದೆವು. ಆಪ್ಟೋಮೆಟ್ರಿಸ್ಟ್ ಮಾತ್ರ "ತಂಗಿ, ಇನ್ನೊಂದ್ಸಲ ಆಡೋಣ" ಎಂದು ರಮಿಸಿ ಎರಡು ಸಲ ಅದನ್ನೇ ಮಾಡಿಸಿ, ಎರಡು ಸಲವೂ ಎಡಗಣ್ಣು ಮುಚ್ಚಿದಾಗಲೇ ರಗಳೆಯಾಗುತ್ತದೆಂಬುದನ್ನು ಗುರುತು ಹಾಕಿಕೊಂಡರು. ಚೆನ್ನಾಗಿ ಕಾಣುವ ಕಣ್ಣನ್ನು ಮುಚ್ಚಿದರೆ ಮಗು ಒಪ್ಪುವುದಿಲ್ಲ. ಎರಡೂ ಕಣ್ಣು ತೆರೆದಿದ್ದಾಗ ಓಡಾಟದಲ್ಲಾಗಲಿ ಚಿತ್ರ ಬಿಡಿಸುವುದರಲ್ಲಾಗಲಿ ಯಾವ ಕೊರತೆಯೂ ತೋರದಿರುವುದರಿಂದ ಮನೆಯವರಿಗೆ ಇದು ಗೊತ್ತಾಗುವ ದಾರಿಯೇ ಇರುವುದಿಲ್ಲ.

ಅನಂತರ ಹನಿ. ಮಕ್ಕಳ ಕಣ್ಣಿನ ಮಸೂರಕ್ಕೆ ಬಿಗಿಯುವ ಶಕ್ತಿ ಬಹಳವಿರುವುದರಿಂದ ಪ್ಲಸ್ ನಂಬರು (ದೂರದೃಷ್ಟಿ ದೋಷ) ಅಡಗಿಬಿಡುತ್ತದೆ. ಸೈಕ್ಲೋಪೆಂಟೊಲೇಟ್ ಹನಿ ಆ ಬಿಗಿತವನ್ನು ತಾತ್ಕಾಲಿಕವಾಗಿ ಸಡಿಲಿಸುತ್ತದೆ. ಎರಡು ಬಾರಿ ಹನಿ ಹಾಕಿ, ಮುಕ್ಕಾಲು ಗಂಟೆ ಕಾಯಿಸಿ, ವೈದ್ಯರು ಕತ್ತಲೆ ಕೋಣೆಯಲ್ಲಿ ಕಣ್ಣಿಗೆ ಬೆಳಕು ಬಿಟ್ಟು, ಒಂದೊಂದೇ ಮಸೂರ ಹಿಡಿದು ನೋಡಿದರು. ಯಂತ್ರ ಬಲಗಣ್ಣಿಗೆ ಎರಡೂವರೆ ತೋರಿಸಿದ್ದರೆ ಹನಿಯ ನಂತರ ಸಿಕ್ಕಿದ್ದು ಪ್ಲಸ್ ನಾಲ್ಕು, ಎಡಗಣ್ಣಿಗೆ ಒಂದು. ಇಷ್ಟು ಅಂತರವಿದ್ದಾಗ ಮಿದುಳು ಮಸುಕಾದ ಕಣ್ಣಿನ ಚಿತ್ರವನ್ನು ಕಡೆಗಣಿಸುತ್ತ ಹೋಗಿ ಆ ಕಣ್ಣು ಸೋಮಾರಿಯಾಗುತ್ತದೆ. ಏಳೆಂಟು ವರ್ಷದೊಳಗೆ ಚಿಕಿತ್ಸೆ ಶುರುವಾದರೆ ಫಲ ಹೆಚ್ಚು. ಸದ್ಯ ಕನ್ನಡಕ ಮಾತ್ರ. ಸಾಲದಿದ್ದರೆ ಒಳ್ಳೆಯ ಕಣ್ಣಿಗೆ ದಿನಕ್ಕೆ ಎರಡು ಗಂಟೆ ಪ್ಯಾಚ್ (ಕಣ್ಣು ಮುಚ್ಚುವ ಪಟ್ಟಿ) ಎಂದಿದ್ದಾರೆ.

ತಂಗಿಯ ಮಗನದು ಬೇರೆ ಕಥೆ. ಅವನಿಗೆ ಮೆಳ್ಳೆಗಣ್ಣೆಂದು ಒಬ್ಬರು, ಮೆಳ್ಳೆಗಣ್ಣು ಅದೃಷ್ಟವೆಂದು ಇನ್ನೊಬ್ಬರು ಹೇಳಿ ಮನೆಯಲ್ಲಿ ಚರ್ಚೆ ನಡೆದಿತ್ತು. ವೈದ್ಯರು ಟಾರ್ಚಿನ ಬೆಳಕಿನ ಚುಕ್ಕಿ ಎರಡೂ ಕಣ್ಣಲ್ಲಿ ಪಾಪೆಯ ಸರಿಮಧ್ಯದಲ್ಲೇ ಬೀಳುವುದನ್ನು ತೋರಿಸಿ, ಮೂಗಿನ ಬುಡ ಅಗಲವಿರುವುದರಿಂದ ಹಾಗೆ ಕಾಣುತ್ತದಷ್ಟೇ ಎಂದರು. ನಿಜವಾದ ಮೆಳ್ಳೆಗಣ್ಣು ತಾನಾಗಿ ಸರಿಯಾಗಲೆಂದು ಕಾಯಬಾರದೆಂದೂ, ಫೋಟೊದಲ್ಲಿ ಒಂದು ಪಾಪೆ ಬೆಳ್ಳಗೆ ಕಂಡರೆ ಅದು ಹುಟ್ಟು ಪೊರೆಯೋ ಗೆಡ್ಡೆಯೋ ಆಗಿರುವ ಸಾಧ್ಯತೆಯಿಂದ ತಕ್ಷಣ ತೋರಿಸಬೇಕೆಂದೂ ಸೇರಿಸಿದರು.

ಅವಧಿಗೆ ಮುನ್ನ ಹುಟ್ಟಿದ ಶಿಶುಗಳ ರೆಟಿನಾ (ಕಣ್ಣಿನ ಒಳಪರದೆ) ತಪಾಸಣೆ ಇಲ್ಲಿ ಇಲ್ಲ. 34 ವಾರಕ್ಕಿಂತ ಮೊದಲು ಹುಟ್ಟಿದ ಅಥವಾ 2000 ಗ್ರಾಮಿಗಿಂತ ಕಡಿಮೆ ತೂಕದ ಶಿಶುಗಳಿಗೆ ಅದು 30 ದಿನದೊಳಗೆ, ತೀರ ಚಿಕ್ಕ ಶಿಶುಗಳಿಗೆ ಇನ್ನೂ ಮೊದಲೇ ಆಗಬೇಕು. ಅಂಥವರನ್ನು ಕೂಡಲೇ ಹುಬ್ಬಳ್ಳಿಗೆ ಕಳಿಸುತ್ತಾರೆ. ಸುಮಾರು ನೂರು ಕಿಲೋಮೀಟರ್ ಹಾದಿಯನ್ನು ಬಾಣಂತಿಯೊಂದಿಗೆ ಹೋಗಿ ಬರುವುದು ಈ ಜಿಲ್ಲೆಯ ಹಳೆಯ ಪಾಡು. 2013ರಲ್ಲಿ ಆರಂಭವಾದ ರಾಷ್ಟ್ರೀಯ ಬಾಲ ಸ್ವಾಸ್ಥ್ಯ ಕಾರ್ಯಕ್ರಮದಡಿ ಅಂಗನವಾಡಿಗಳಿಗೆ ವರ್ಷಕ್ಕೆ ಎರಡು ಸಲ ಬರುವ ತಂಡದ ತಪಾಸಣೆ ಉಚಿತ. ಅಲ್ಲಿ ಅನುಮಾನ ಬಂದವರು ಇಂಥ ಪರೀಕ್ಷೆಯವರೆಗೆ ಹೋಗಬೇಕು.

ಇನ್ನು ದೂರುಗಳು. ಹನಿಯ ಪ್ರಭಾವ ಮರುದಿನದವರೆಗೂ ಇರುತ್ತದೆ, ಬಿಸಿಲಿಗೆ ಕಣ್ಣು ಚುಚ್ಚುತ್ತದೆ ಎಂಬುದನ್ನು ಹನಿ ಹಾಕಿದ ಮೇಲೆ ಹೇಳಿದರು. ಮೊದಲೇ ತಿಳಿಸಿದ್ದರೆ ಶನಿವಾರ ಹೋಗುತ್ತಿದ್ದೆವು. ಸೂಚನೆಯ ಹಾಳೆ ಪೂರ್ತಿ ಇಂಗ್ಲಿಷಿನಲ್ಲಿದೆ. ಪಕ್ಕದಲ್ಲೇ ಇರುವ ಅವರ ಕನ್ನಡಕದ ಅಂಗಡಿಯಲ್ಲಿ "ಬೆಳೆಯೋ ಮಗು, ಸ್ವಲ್ಪ ದೊಡ್ಡದೇ ಇರಲಿ" ಎಂದು ಕೊಟ್ಟ ಫ್ರೇಮು ಮೂಗಿನಿಂದ ಜಾರಿ, ಮಗಳು ಗಾಜಿನ ಮೇಲಿನಿಂದ ನೋಡುತ್ತಿದ್ದಳು. ಹೀಗಾದರೆ ನಂಬರು ಎಷ್ಟು ಸರಿಯಿದ್ದರೂ ಉಪಯೋಗವಿಲ್ಲ. ಜಗಳವಾಡಿ ಬದಲಿಸಿಕೊಂಡೆವು, ಕಿವಿಯ ಹಿಂದೆ ಸುತ್ತುವ ಮೆತ್ತನೆಯ ಕಡ್ಡಿಯ, ಪಾಲಿಕಾರ್ಬೊನೇಟ್ (ಸುಲಭಕ್ಕೆ ಒಡೆಯದ ಪ್ಲಾಸ್ಟಿಕ್) ಮಸೂರದ ಚಿಕ್ಕ ಫ್ರೇಮನ್ನೇ ಕೇಳಿ ಪಡೆಯಿರಿ. ಆರು ವಾರದ ನಂತರದ ಮರುತಪಾಸಣೆಗೆ ಶುಲ್ಕವಿಲ್ಲ, ಆದರೆ ಹಳೆಯ ಚೀಟಿ ಕಳೆದರೆ ಹೊಸದಾಗಿ ನೋಂದಣಿ ಮಾಡಿಸಬೇಕಾಗುತ್ತದೆ, ಏಕೆಂದರೆ ಮಕ್ಕಳ ಕಡತವನ್ನು ಅವರು ತಮ್ಮಲ್ಲಿ ಇಟ್ಟುಕೊಳ್ಳುವುದಿಲ್ಲ.