ಒಂದು ಗೃಹಸಾಲದ ವಿಮರ್ಶೆ, 59 ಕಂತು ಕಟ್ಟಿದ ಮೇಲೆ

ಮೈಸೂರಿನ ಕುವೆಂಪುನಗರದಲ್ಲಿ 20×30 ಅಡಿ ನಿವೇಶನದ ಹಳೆಯ ಮನೆಯೊಂದನ್ನು ಕೊಳ್ಳಲು 2021ರ ಜನವರಿಯಲ್ಲಿ ನಾನು ಸಾರ್ವಜನಿಕ ವಲಯದ ಬ್ಯಾಂಕೊಂದರಿಂದ 40 ಲಕ್ಷ ರೂಪಾಯಿ ಗೃಹಸಾಲ ಪಡೆದೆ. ಅವಧಿ 20 ವರ್ಷ, ಬಡ್ಡಿ ಶೇ 6.90, ತಿಂಗಳ ಕಂತು 30,772 ರೂಪಾಯಿ. ಬ್ಯಾಂಕಿನ ಹೆಸರನ್ನು ಇಲ್ಲಿ ಬರೆಯುತ್ತಿಲ್ಲ. ನನ್ನ ದೂರುಗಳಲ್ಲಿ ಹೆಚ್ಚಿನವು ಆ ಒಂದು ಬ್ಯಾಂಕಿಗೆ ಸೇರಿದವಲ್ಲ, ಫ್ಲೋಟಿಂಗ್ ದರದ, ಅಂದರೆ ಬಡ್ಡಿ ಆಗಾಗ ಬದಲಾಗುವ, ಗೃಹಸಾಲವೆಂಬ ಸರಕಿಗೇ ಸೇರಿದವು. ಮಿಕ್ಸಿ ಕೊಂಡರೆ ವಾರದೊಳಗೆ ಅದರ ಗುಣದೋಷ ಬರೆಯಬಹುದು. ಗೃಹಸಾಲದ ಗುಣ ತಿಳಿಯಬೇಕಾದರೆ ಬಡ್ಡಿ ಒಂದು ಸಲ ಏರಿ ಒಂದು ಸಲ ಇಳಿಯುವುದನ್ನು ಕಾಣಬೇಕು. ಕಳೆದ ಐದು ವರ್ಷಗಳಲ್ಲಿ ಎರಡನ್ನೂ ಕಂಡಿರುವುದರಿಂದ ಈಗ ಬರೆಯಲು ಕುಳಿತಿದ್ದೇನೆ.

ಮೊದಲು ಮೆಚ್ಚಬೇಕಾದ್ದನ್ನು ಹೇಳಿಬಿಡುತ್ತೇನೆ. ಬ್ಯಾಂಕಿನ ಪ್ಯಾನೆಲ್ ವಕೀಲರು ಮನೆಯ ಪತ್ರಗಳನ್ನು ನಾನು ಓದಿದ್ದಕ್ಕಿಂತ ಬಹಳ ಎಚ್ಚರದಿಂದ ಓದಿದರು. 30 ವರ್ಷಗಳ ಇಸಿ (ಆಸ್ತಿಯ ಮೇಲಿನ ಕ್ರಯ, ಸಾಲಗಳ ನೋಂದಣಿ ದಾಖಲೆ) ತರಿಸಿ, ಹಿಂದಿನ ಮಾಲೀಕರ ಸಹೋದರಿಯೊಬ್ಬರ ಹಕ್ಕು ಬಿಡುಗಡೆ ಪತ್ರ ಕಡತದಲ್ಲಿಲ್ಲವೆಂದು ಕೆಂಪು ಶಾಯಿಯಲ್ಲಿ ಗುರುತು ಹಾಕಿದರು. ಆ ಪತ್ರ ನೋಂದಣಿಯಾಗುವವರೆಗೆ ಬ್ಯಾಂಕು ಹಣ ಬಿಡುಗಡೆ ಮಾಡಲಿಲ್ಲ. ಐದು ವಾರ ತಡವಾದಾಗ ನಾನು ಗೊಣಗಿದ್ದು ನಿಜ, ಆದರೆ ಆ ಪತ್ರವಿಲ್ಲದೆ ಕೊಂಡಿದ್ದರೆ ಮುಂದೆ ಯಾವ ನ್ಯಾಯಾಲಯದ ಮೆಟ್ಟಿಲು ಹತ್ತಬೇಕಾಗುತ್ತಿತ್ತೋ ಎಂದು ಈಗ ಅನ್ನಿಸುತ್ತದೆ.

ಖರ್ಚಿನ ಲೆಕ್ಕ ಸಾಲ ಕೈಗೆ ಬರುವ ಮೊದಲೇ ಶುರುವಾಗುತ್ತದೆ. ಕ್ರಯದ ಮೊತ್ತ 55 ಲಕ್ಷ. 30ರಿಂದ 75 ಲಕ್ಷದವರೆಗಿನ ಸಾಲಕ್ಕೆ ಮನೆಯ ಬೆಲೆಯ ಶೇ 80ನ್ನು ಮೀರಿ ಕೊಡುವಂತಿಲ್ಲವೆಂಬುದು ರಿಸರ್ವ್ ಬ್ಯಾಂಕಿನ ನಿಯಮ, ಮತ್ತು ಆ ಬೆಲೆಯಲ್ಲಿ ಮುದ್ರಾಂಕ ಶುಲ್ಕ, ನೋಂದಣಿ ಶುಲ್ಕಗಳನ್ನು ಸೇರಿಸುವುದಿಲ್ಲ. ಆಗ ಕರ್ನಾಟಕದ ನಗರ ಪ್ರದೇಶದಲ್ಲಿ ಮುದ್ರಾಂಕ ಶುಲ್ಕವು ಸೆಸ್ ಮತ್ತು ಸರ್‌ಚಾರ್ಜ್ ಸೇರಿ ಶೇ 5.6, ನೋಂದಣಿ ಶುಲ್ಕ ಶೇ 1 ಇದ್ದುದರಿಂದ 3,63,000 ರೂಪಾಯಿ ಉಪನೋಂದಣಾಧಿಕಾರಿಗಳ ಕಚೇರಿಗೇ ಹೋಯಿತು. 2025ರ ಆಗಸ್ಟ್ 31ರಿಂದ ನೋಂದಣಿ ಶುಲ್ಕ ಶೇ 2 ಆಗಿರುವುದರಿಂದ ಇಂದು ಅದೇ ಮನೆಗೆ ಇನ್ನೂ 55,000 ಹೆಚ್ಚು ಬೇಕು. ಬ್ಯಾಂಕಿನ ಪ್ರೊಸೆಸಿಂಗ್ ಶುಲ್ಕ 14,000, ಅದರ ಮೇಲೆ ಜಿಎಸ್‌ಟಿ 2,520. ವಕೀಲರ ಶುಲ್ಕ, ಮನೆಯ ಬೆಲೆ ಕಟ್ಟುವ ಎಂಜಿನಿಯರರ ಶುಲ್ಕ, ಮೂಲಪತ್ರಗಳನ್ನು ಬ್ಯಾಂಕಿನಲ್ಲಿ ಇಡುವ ಎಂಒಡಿ ಪತ್ರದ ಖರ್ಚು ಬೇರೆ. ಇವೆಲ್ಲ ಒಂದೇ ಸಲಕ್ಕೆ ಮುಗಿಯುವಂಥವು; ನೋವಾದರೂ ಕಣ್ಣಿಗೆ ಕಾಣುತ್ತವೆ.

ಕಣ್ಣಿಗೆ ಕಾಣದ ಖರ್ಚಿನ ಮೊದಲ ಮಾದರಿ ವಿಮೆ. ಸಹಿ ಹಾಕುವ ದಿನ, ಅದೇ ಕಟ್ಟಿನೊಳಗೆ, ಸಾಲ ರಕ್ಷಣಾ ವಿಮೆಯ ಅರ್ಜಿಯೂ ಇತ್ತು. ಒಂದೇ ಕಂತಿನ ಪ್ರೀಮಿಯಂ 1,20,000 ರೂಪಾಯಿ, ‘ನೀವು ಈಗ ಕೈಯಿಂದ ಕೊಡಬೇಕಾಗಿಲ್ಲ, ಸಾಲಕ್ಕೇ ಸೇರಿಸುತ್ತೇವೆ’ ಎಂಬ ಮಾತು. ಸಾಲಕ್ಕೆ ಸೇರಿಸಿದರೆ ಆ ಮೊತ್ತಕ್ಕೂ 20 ವರ್ಷ ಬಡ್ಡಿ ಕಟ್ಟಬೇಕು: ಶೇ 6.90ರಲ್ಲಿ ತಿಂಗಳಿಗೆ 923 ರೂಪಾಯಿ, 240 ತಿಂಗಳಿಗೆ 2,21,000ಕ್ಕೂ ಮಿಗಿಲು. ಈ ವಿಮೆ ಕಡ್ಡಾಯವೇ ಎಂದು ನಾನು ಕೇಳಿದಾಗ ಅಧಿಕಾರಿಗಳು ‘ಎಲ್ಲರೂ ಮಾಡಿಸುತ್ತಾರೆ’ ಎಂದರು. ಅದು ನನ್ನ ಪ್ರಶ್ನೆಗೆ ಉತ್ತರವಾಗಿರಲಿಲ್ಲ. ಕಡ್ಡಾಯವಲ್ಲ. ಸಾಲಗಾರನಿಗೆ ವಿಮೆ ಬೇಕೆಂಬುದನ್ನು ನಾನೂ ಒಪ್ಪುತ್ತೇನೆ. ಹೊರಗಡೆ ಪ್ರತ್ಯೇಕ ಟರ್ಮ್ ವಿಮೆ ಮಾಡಿಸಿ, ವರ್ಷ ವರ್ಷ ಕಟ್ಟುತ್ತಿದ್ದೇನೆ.

ಇನ್ನು ಮುಖ್ಯ ವಿಷಯ. ಸಾಲ ಮಂಜೂರಾತಿ ಪತ್ರದ ಎರಡನೆಯ ಪುಟದಲ್ಲಿ, ‘ರೆಪೊ ದರ ಶೇ 4.00, ಸ್ಪ್ರೆಡ್ ಶೇ 2.90, ಒಟ್ಟು ಶೇ 6.90’ ಎಂಬ ಒಂದು ಸಾಲು ಇತ್ತು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಫ್ಲೋಟಿಂಗ್ ದರದ ಹೊಸ ಗೃಹಸಾಲಗಳೆಲ್ಲ ರೆಪೊದಂಥ ಹೊರಗಿನ ಮಾನದಂಡಕ್ಕೆ ಜೋಡಣೆಯಾಗಿರಬೇಕು, ಮೂರು ತಿಂಗಳಿಗೊಮ್ಮೆಯಾದರೂ ದರ ಪರಿಷ್ಕರಣೆಯಾಗಬೇಕು. ರೆಪೊ ಎಂದರೆ ರಿಸರ್ವ್ ಬ್ಯಾಂಕು ಬ್ಯಾಂಕುಗಳಿಗೆ ಸಾಲ ಕೊಡುವ ದರ, ಸ್ಪ್ರೆಡ್ ಎಂದರೆ ಅದರ ಮೇಲೆ ನಮ್ಮ ಬ್ಯಾಂಕು ಸೇರಿಸುವ ಪಾಲು. ನಾನು ಅಂದು ನೋಡಿದ್ದು ಮೂರನೆಯ ಅಂಕಿಯನ್ನು ಮಾತ್ರ. ಶೇ 4 ಎಂಬುದು ಕೊರೊನಾ ಕಾಲದ ತಳಮಟ್ಟದ ರೆಪೊ, ಅಲ್ಲಿಂದ ಅದಕ್ಕೆ ಮೇಲೆ ಹೋಗುವ ದಾರಿಯೇ ಹೆಚ್ಚು ಎಂಬುದು ಅರ್ಥಶಾಸ್ತ್ರ ಪಾಠ ಮಾಡುವ ನನಗೇ ಹೊಳೆಯಲಿಲ್ಲವೆಂದು ಹೇಳಿಕೊಳ್ಳಲು ನಾಚಿಕೆಯಾಗುತ್ತದೆ.

ಮೊದಲ ಕಂತಿನ 30,772ರಲ್ಲಿ 23,000 ಬಡ್ಡಿಗೆ, 7,772 ಅಸಲಿಗೆ ಜಮೆಯಾಯಿತು. ದರ ಬದಲಾಗದಿದ್ದರೂ 240 ಕಂತುಗಳಲ್ಲಿ ಕಟ್ಟುವುದು 73.85 ಲಕ್ಷ, ಅಂದರೆ 40 ಲಕ್ಷಕ್ಕೆ 33.85 ಲಕ್ಷ ಬಡ್ಡಿ. ಇದನ್ನು ಒಪ್ಪಿಕೊಂಡೇ ಸಹಿ ಹಾಕಿದ್ದೆ. 2022ರ ಮೇ ತಿಂಗಳಲ್ಲಿ ರೆಪೊ ಏರತೊಡಗಿತು: ಮೇಯಲ್ಲಿ 4.40, ಜೂನ್‌ನಲ್ಲಿ 4.90, ಆಗಸ್ಟ್‌ನಲ್ಲಿ 5.40, ಸೆಪ್ಟೆಂಬರ್ ಕೊನೆಗೆ 5.90, ಡಿಸೆಂಬರ್‌ನಲ್ಲಿ 6.25. ಪತ್ರಿಕೆಯಲ್ಲಿ ಓದುತ್ತಿದ್ದೆ, ಆದರೆ ನನ್ನ ಖಾತೆಯಿಂದ ಪ್ರತಿ ತಿಂಗಳೂ ಅದೇ 30,772 ಕಡಿತವಾಗುತ್ತಿದ್ದುದರಿಂದ ನನಗೇನೂ ಆಗಿಲ್ಲವೆಂದೇ ತಿಳಿದಿದ್ದೆ.

2023ರ ಜನವರಿಯ ಒಂದು ಸಂಜೆ, ತೆರಿಗೆ ಲೆಕ್ಕಕ್ಕೆ ಬಡ್ಡಿ ಪ್ರಮಾಣಪತ್ರ ಬೇಕಾಗಿ ಬ್ಯಾಂಕಿನ ಆ್ಯಪ್ ತೆರೆದೆ. ಉಳಿದ ಕಂತುಗಳು ಎಂಬುದರ ಎದುರಿಗೆ 397 ಎಂದಿತ್ತು. ತೆಗೆದುಕೊಂಡದ್ದೇ 240, ಕಟ್ಟಿದ್ದು 23, ಉಳಿದದ್ದು 397. ಅಚ್ಚಿನ ತಪ್ಪಿರಬೇಕೆಂದು ಖಾತೆಯ ವಿವರ ತೆಗೆದು ನೋಡಿದರೆ ಆ ತಿಂಗಳ ಕಂತು ಹೀಗೆ ಹಂಚಿಹೋಗಿತ್ತು: ಬಡ್ಡಿ 29,255, ಅಸಲು 1,517. ದರ ಶೇ 9.15 ಆಗಿತ್ತು. ಕಂತನ್ನು ಏರಿಸದೆ ಅವಧಿಯನ್ನು ಎಳೆಯುತ್ತ ಹೋಗಿದ್ದರು. ಆಗ ನನಗೆ 37 ವರ್ಷ. 33 ವರ್ಷಗಳ ಕಂತು ಮುಗಿಯುವಾಗ 70. ನಿವೃತ್ತಿಯಾಗುವುದು 60ಕ್ಕೆ. ಅದುವರೆಗೆ ಕಟ್ಟಿದ್ದ 7,07,756 ರೂಪಾಯಿಯಲ್ಲಿ ಅಸಲು ಕರಗಿದ್ದು 1,63,300 ಮಾತ್ರ.

ಮರುದಿನ ಶಾಖೆಗೆ ಹೋದೆ. ಸಾಲ ವಿಭಾಗದ ಅಧಿಕಾರಿಗಳು ಸಜ್ಜನರು, ಕುಳ್ಳಿರಿಸಿ ಮಾತನಾಡಿಸಿದರು. ‘ಮೇಷ್ಟ್ರೇ, ನಿಮ್ಮ ಕಂತು ಒಂದು ರೂಪಾಯಿಯೂ ಏರಿಲ್ಲವಲ್ಲ, ಗ್ರಾಹಕರಿಗೆ ಹೊರೆಯಾಗಬಾರದು ಅಂತಲೇ ಸಿಸ್ಟಮ್ ಹೀಗೆ ಮಾಡುತ್ತದೆ’ ಎಂದರು. ಅವರು ನಂಬಿಯೇ ಹೇಳಿದ ಮಾತದು. ನನ್ನ ದೂರು ಬಡ್ಡಿ ಏರಿತೆಂಬುದಲ್ಲ. ಫ್ಲೋಟಿಂಗ್ ದರಕ್ಕೆ ಸಹಿ ಹಾಕಿದವನಿಗೆ ಏರಿಕೆಯ ಬಗ್ಗೆ ಗೊಣಗುವ ಹಕ್ಕಿಲ್ಲ. ಕಂತು ಏರಿಸುವುದೋ ಅವಧಿ ಏರಿಸುವುದೋ ಎಂಬ ತೀರ್ಮಾನವನ್ನು ನನ್ನನ್ನು ಕೇಳದೆ ನನ್ನ ಪರವಾಗಿ ಮಾಡಿದರೆಂಬುದು ನನ್ನ ದೂರು, ಮತ್ತು ಈ ಸೇವೆಗೆ ನಾನು ಕೊಡುವ ಅಂಕದಲ್ಲಿ ದೊಡ್ಡ ಕಡಿತವಾಗುವುದು ಇದಕ್ಕೇ.

ಫೆಬ್ರುವರಿಯಲ್ಲಿ ರೆಪೊ ಇನ್ನೊಮ್ಮೆ ಏರಿ 6.50 ಆಯಿತು. ನನ್ನ ದರ ಏಪ್ರಿಲ್‌ನಿಂದ ಶೇ 9.40. ಹಳೆಯ ಕಂತನ್ನೇ ಮುಂದುವರಿಸಿದ್ದರೆ ಅಸಲಿಗೆ ಹೋಗುತ್ತಿದ್ದುದು ತಿಂಗಳಿಗೆ 754 ರೂಪಾಯಿ, ಅವಧಿ 39 ವರ್ಷ ದಾಟುತ್ತಿತ್ತು. ಮೊದಲು ಒಪ್ಪಿದ್ದ 2041ರಲ್ಲೇ ಸಾಲ ತೀರಬೇಕೆಂದು ಲಿಖಿತ ಅರ್ಜಿ ಕೊಟ್ಟೆ; ಕಂತು 36,981ಕ್ಕೆ ಏರಿತು. ತಿಂಗಳಿಗೆ 6,200 ಹೆಚ್ಚುವರಿ ಹೊಂದಿಸುವುದು ನಮ್ಮಂಥ ಸಂಬಳದ ಮನೆಯಲ್ಲಿ ಸಣ್ಣ ಮಾತಲ್ಲ. ಮಗಳ ಸಂಗೀತ ಪಾಠ ನಿಲ್ಲಲಿಲ್ಲ, ಸ್ಕೂಟರ್ ಬದಲಿಸುವ ಯೋಚನೆ ನಿಂತಿತು.

ಅದೇ ತಿಂಗಳು ನನ್ನ ಹೆಂಡತಿಗೆ ಚೀಟಿ ಬಂದಿತ್ತು. ಅದರಲ್ಲಿ 1 ಲಕ್ಷವನ್ನು ಸಾಲಕ್ಕೆ ಕಟ್ಟೋಣವೆಂದು ಅವಳೇ ಹೇಳಿದಳು. ವ್ಯಕ್ತಿಗಳ ಫ್ಲೋಟಿಂಗ್ ದರದ ಗೃಹಸಾಲಕ್ಕೆ ಅವಧಿಗೆ ಮುಂಚೆ ಹಣ ಕಟ್ಟಿದರೆ ಬ್ಯಾಂಕುಗಳು ದಂಡ ಹಾಕುವಂತಿಲ್ಲ ಎಂಬ ನಿಯಮ 2012ರಿಂದಲೇ ಇದೆ. ಹಾಗೆ ಕಟ್ಟುವಾಗ ಕಂತು ಇಳಿಸಬೇಡಿ, ಅವಧಿ ಇಳಿಸಿ ಎಂದು ಬರೆದುಕೊಡಬೇಕು. ಆ ಒಂದು ಲಕ್ಷದಿಂದ ಕೊನೆಯ 13 ಕಂತುಗಳಿಗೂ ಹೆಚ್ಚು, ಅಂದರೆ ಸುಮಾರು 5 ಲಕ್ಷ ರೂಪಾಯಿ, ನಮ್ಮ ಲೆಕ್ಕದಿಂದ ಅಳಿಸಿಹೋಯಿತು. ಇದನ್ನು ಕೇಳಿ ಯಾರಾದರೂ ಮನೆಯಲ್ಲಿರುವ ಹಣವನ್ನೆಲ್ಲ ಸಾಲಕ್ಕೆ ಸುರಿದಾರು ಎಂಬ ಭಯದಿಂದ ಒಂದು ಮಾತು: ಆ 5 ಲಕ್ಷ ಹದಿನೇಳು, ಹದಿನೆಂಟು ವರ್ಷಗಳ ನಂತರದ 5 ಲಕ್ಷ, ಇಂದಿನದಲ್ಲ. ಸರಿಯಾದ ಹೋಲಿಕೆಯೆಂದರೆ ಆ ಹಣ ಬೇರೆಡೆ ಎಷ್ಟು ಗಳಿಸುತ್ತಿತ್ತು ಎಂಬುದು. ಶೇ 9.40ರ ಸಾಲ ತಲೆಯ ಮೇಲಿರುವಾಗ ಶೇ 7.1ರ ಪಿಪಿಎಫ್‌ನಲ್ಲಿ ಹಣ ಇಡುವುದು ನಷ್ಟದ ವ್ಯವಹಾರ. ಆರು ತಿಂಗಳ ಮನೆಖರ್ಚನ್ನು ಬ್ಯಾಂಕಿನಲ್ಲಿ ಉಳಿಸಿಕೊಳ್ಳದೆ ಸಾಲ ತೀರಿಸುವುದು ಅದಕ್ಕಿಂತ ದೊಡ್ಡ ತಪ್ಪು.

ತೆರಿಗೆಯ ರಿಯಾಯಿತಿಯನ್ನು ಸಾಲ ಮಾರುವವರು ದೊಡ್ಡದಾಗಿ ಹೇಳುತ್ತಾರೆ. ಆದಾಯ ತೆರಿಗೆಯ ಹಳೆಯ ಪದ್ಧತಿಯಲ್ಲಿ, ತಾವೇ ವಾಸಿಸುವ ಮನೆಗೆ ವರ್ಷಕ್ಕೆ 2 ಲಕ್ಷದವರೆಗಿನ ಬಡ್ಡಿಗೆ ಮಾತ್ರ ವಿನಾಯಿತಿ. ಮೊದಲ ವರ್ಷ ನಾನು ಕಟ್ಟಿದ ಬಡ್ಡಿ 2,73,000, ಶೇ 20ರ ಹಂತದಲ್ಲಿದ್ದ ನನಗೆ ಸೆಸ್ ಸೇರಿ ಉಳಿದದ್ದು 41,600. ಈಗ ಹೊಸ ಪದ್ಧತಿಗೆ ಬದಲಾಗಿದ್ದೇನೆ, ಅಲ್ಲಿ ಅದೂ ಇಲ್ಲ.

ನನಗಾದದ್ದು ಅಸಂಖ್ಯ ಸಾಲಗಾರರಿಗೆ ಆಗಿತ್ತೆಂಬುದು 2023ರ ಆಗಸ್ಟ್ 18ರ ರಿಸರ್ವ್ ಬ್ಯಾಂಕ್ ಸುತ್ತೋಲೆಯನ್ನು ಓದಿದಾಗ ತಿಳಿಯಿತು. ದರ ಬದಲಾದಾಗ ಕಂತಿನ ಮೇಲೂ ಅವಧಿಯ ಮೇಲೂ ಆಗುವ ಪರಿಣಾಮವನ್ನು ತಿಳಿಸಬೇಕು, ಕಂತು ಏರಿಸುವ, ಅವಧಿ ಏರಿಸುವ ಅಥವಾ ಎರಡನ್ನೂ ಸೇರಿಸುವ ಆಯ್ಕೆಯನ್ನು ಸಾಲಗಾರನಿಗೆ ಕೊಡಬೇಕು, ಕಂತು ಆ ತಿಂಗಳ ಬಡ್ಡಿಗೂ ಸಾಕಾಗದಂಥ ಸ್ಥಿತಿ ಬರಬಾರದು, ಅದುವರೆಗೆ ವಸೂಲಾದ ಅಸಲು, ಬಡ್ಡಿ, ಉಳಿದ ಕಂತುಗಳ ಸಂಖ್ಯೆಯನ್ನು ತ್ರೈಮಾಸಿಕ ವಿವರದಲ್ಲಿ ಕೊಡಬೇಕು ಎಂದು ಅದು ಹೇಳುತ್ತದೆ. ನಮ್ಮ ಬ್ಯಾಂಕು ಈಗ ಆ ವಿವರವನ್ನು ತಪ್ಪದೆ ಕಳುಹಿಸುತ್ತಿದೆ. 2024ರ ಅಕ್ಟೋಬರ್ 1ರಿಂದ ಮಂಜೂರಾದ ಸಾಲಗಳಿಗೆ ಪ್ರೊಸೆಸಿಂಗ್ ಶುಲ್ಕ, ವಿಮೆಯಂಥವನ್ನೆಲ್ಲ ಸೇರಿಸಿ ವಾರ್ಷಿಕ ದರ ಎಷ್ಟಾಗುತ್ತದೆಂದು ತೋರಿಸುವ ಕೆಎಫ್‌ಎಸ್ ಎಂಬ ಹಾಳೆಯನ್ನೂ ಕೊಡಬೇಕು. ಉಪಯುಕ್ತವಾದ ಹಾಳೆ, ಆದರೆ ಅದು ಲೆಕ್ಕ ಹಾಕುವುದು ಸಹಿ ಹಾಕಿದ ದಿನದ ದರದಲ್ಲಿ. ನನ್ನ ಸಾಲಕ್ಕೆ ಅಂಥ ಹಾಳೆ ಇದ್ದಿದ್ದರೆ ಅದರಲ್ಲೂ ಶೇ 7ರ ಆಸುಪಾಸಿನ ಅಂಕಿಯೇ ಇರುತ್ತಿತ್ತು.

2025ರಲ್ಲಿ ರೆಪೊ ಇಳಿಯತೊಡಗಿತು. ಡಿಸೆಂಬರ್ ಹೊತ್ತಿಗೆ 5.25. ನನ್ನ ದರ 2026ರ ಜನವರಿಯಲ್ಲಿ ಶೇ 8.15 ಆಯಿತು. ಇಳಿದ ಮೇಲೂ ಕಂತನ್ನು 36,981ರಲ್ಲೇ ಉಳಿಸಿಕೊಂಡೆ. ಆ ತಿಂಗಳಿಗೆ 59 ಕಂತು ಮತ್ತು ಚೀಟಿಯ ಒಂದು ಲಕ್ಷ ಸೇರಿ ಕಟ್ಟಿದ್ದು 21.20 ಲಕ್ಷ. ಅದರಲ್ಲಿ ಬಡ್ಡಿ 15.42 ಲಕ್ಷ, ಅಸಲು 5.78 ಲಕ್ಷ. ಸಾಲದ ಕಾಲು ಭಾಗವೂ ಇನ್ನೂ ತೀರಿಲ್ಲವೆಂದು ನಾನು ಲೆಕ್ಕ ಹೇಳಿದಾಗ, ‘ಅಡುಗೆಮನೆ ನಮ್ಮದು ಅಂದುಕೊಳ್ಳೋಣ’ ಎಂದಳು ಹೆಂಡತಿ.

ಆಗಲೇ ಶಾಖೆಯ ಬಾಗಿಲಲ್ಲಿ ಒಂದು ಬ್ಯಾನರ್ ಕಂಡೆ: ಗೃಹಸಾಲ ಶೇ 7.50ರಿಂದ. ಅದೇ ಬ್ಯಾಂಕು, ಅದೇ ರೆಪೊ. ಹೊಸಬರಿಗೆ ಸ್ಪ್ರೆಡ್ 2.25, ಐದು ವರ್ಷ ಒಂದು ಕಂತೂ ತಪ್ಪಿಸದ ನನಗೆ 2.90. ಹೊಸಬರನ್ನು ಸೆಳೆಯಲು ಸ್ಪ್ರೆಡ್ ಇಳಿಸುತ್ತಾರೆ, ಹಳಬರು ಕೇಳದಿದ್ದರೆ ಹಳೆಯದೇ ಮುಂದುವರಿಯುತ್ತದೆ. ಶಾಖೆಯಲ್ಲಿ ವಿಚಾರಿಸಿದಾಗ, ಪರಿವರ್ತನಾ ಶುಲ್ಕ 5,000, ಜಿಎಸ್‌ಟಿ 900 ಕಟ್ಟಿ ಅರ್ಜಿ ಕೊಟ್ಟರೆ ದರ ಬದಲಿಸುವ ಅವಕಾಶವಿದೆ ಎಂದರು. ಮನೆಗೆ ಬಂದು ಲೆಕ್ಕ ಹಾಕಿದೆ: 34.22 ಲಕ್ಷದ ಬಾಕಿಗೆ ಶೇ 0.65 ಇಳಿದರೆ ಏಳು ಕಂತಿಗೂ ಹೆಚ್ಚು, ಅಂದರೆ ಸುಮಾರು 2.8 ಲಕ್ಷ ಉಳಿಯುತ್ತದೆ. 5,900 ರೂಪಾಯಿಗೆ ಇಷ್ಟು ದೊಡ್ಡ ಪ್ರತಿಫಲ ಕೊಡುವ ಅವಕಾಶವೊಂದು ಇದೆಯೆಂದು ಐದು ವರ್ಷಗಳಲ್ಲಿ ನನಗೆ ಒಂದು ಸಂದೇಶವೂ ಬಂದಿರಲಿಲ್ಲ. ಚಿನ್ನದ ಸಾಲ, ಕಾರು ಸಾಲ, ಕ್ರೆಡಿಟ್ ಕಾರ್ಡುಗಳ ಸಂದೇಶ ಮಾತ್ರ ವಾರಕ್ಕೆರಡು ಬರುತ್ತಿದ್ದವು. ಒಪ್ಪದಿದ್ದರೆ ಸಾಲವನ್ನು ಬೇರೆ ಬ್ಯಾಂಕಿಗೆ ವರ್ಗಾಯಿಸುವುದಾಗಿ ಅರ್ಜಿಯ ಕೊನೆಗೆ ಬರೆದಿದ್ದೆ. ಆ ಮಾತಿಗೇ ಬೆಲೆ ಬಂದಿತೋ ಏನೋ, ಒಪ್ಪಿಗೆ ಹತ್ತು ದಿನದೊಳಗೆ ಬಂತು. ವರ್ಗಾಯಿಸಿದ್ದರೆ ಹೊಸ ಪ್ರೊಸೆಸಿಂಗ್ ಶುಲ್ಕ, ಹೊಸ ವಕೀಲರು, ಹೊಸ ಎಂಒಡಿ ಪತ್ರವೆಂದು ಉಳಿತಾಯದಲ್ಲಿ ಒಂದು ಪಾಲು ಹೋಗುತ್ತಿತ್ತು.

ಸಾಲಕ್ಕೆ ಮುಂಚಿನ ಪರಿಶೀಲನೆಗೆ ಐದರಲ್ಲಿ ಐದು, ಸಿಬ್ಬಂದಿಯ ಸೌಜನ್ಯಕ್ಕೆ ನಾಲ್ಕು, ಗ್ರಾಹಕನಿಗೆ ತಿಳಿಸಬೇಕಾದ್ದನ್ನು ತಾವಾಗಿ ತಿಳಿಸುವ ವಿಷಯದಲ್ಲಿ ಒಂದು. ಸಾಲ ತೀರಿದ 30 ದಿನದೊಳಗೆ ಮೂಲಪತ್ರಗಳನ್ನು ಹಿಂದಿರುಗಿಸಬೇಕು, ಬ್ಯಾಂಕಿನಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಕೊಡಬೇಕು ಎಂಬ ನಿಯಮ 2023ರ ಡಿಸೆಂಬರ್ 1ರಿಂದ ಇದೆ. ಅದರಲ್ಲಿ ಇವರು ಹೇಗೆಂದು ಬರೆಯಲು ನನಗೆ ಇನ್ನೂ ಹನ್ನೊಂದೂವರೆ ವರ್ಷ ಬೇಕು. ಫೆಬ್ರುವರಿಯ ಕಂತಿನ ವಿವರ ನಿನ್ನೆ ಬಂತು: ದರ ಶೇ 7.50, ಬಡ್ಡಿ 21,300, ಅಸಲು 15,681, ಉಳಿದ ಕಂತುಗಳು 138.