ನಿಸಾನ್ ಇವಾಲಿಯಾ: ಈಗ ಸೆಕೆಂಡ್ ಹ್ಯಾಂಡ್ ತಗೋಬಹುದಾ? ವರ್ಷಗಟ್ಟಲೆ ಓಡಿಸಿದವನ ವಿಮರ್ಶೆ

ಇವಾಲಿಯಾ ಅಂದರೆ ಬಹಳ ಜನಕ್ಕೆ ಈಗ ನೆನಪೇ ಇಲ್ಲ. ನೆನಪಿರುವವರು "ಓ, ಆ ಡಬ್ಬ ಗಾಡಿನಾ" ಅನ್ನುತ್ತಾರೆ. ಡಬ್ಬಾನೇ, ಸುಳ್ಳಲ್ಲ. ಆದರೆ ಈ ಅಳತೆಯಲ್ಲಿ ಇಷ್ಟು ಜಾಗ ಇರುವ, ಎರಡೂ ಕಡೆ ಸ್ಲೈಡಿಂಗ್ ಬಾಗಿಲಿರುವ, ಡೀಸೆಲ್ ಕುಡಿಯುವುದರಲ್ಲಿ ಇಷ್ಟು ಮಿತವಾಗಿರುವ ಗಾಡಿ ಆಮೇಲೆ ಯಾರೂ ಕೊಡಲಿಲ್ಲ. ಹಾಗಾಗಿಯೇ ನನ್ನದನ್ನು ಇನ್ನೂ ಮಾರಿಲ್ಲ.

ಮೊದಲು ಸ್ವಲ್ಪ ಹಿನ್ನೆಲೆ. ಜಪಾನಿನಲ್ಲಿ ಇದರ ಹೆಸರು ಎನ್‌ವಿ200 ವ್ಯಾನೆಟ್. 2009ರಲ್ಲಿ ಅಲ್ಲಿ ಮಾರಾಟಕ್ಕೆ ಬಂತು. ಮೂಲದಲ್ಲಿ ಸಾಮಾನು ಸಾಗಿಸುವ ವ್ಯಾನ್, ಅದಕ್ಕೇ ಸೀಟು ಹಾಕಿ ಜನರ ಗಾಡಿ ಮಾಡಿದರು. 2010ರ 'ಇಂಟರ್‌ನ್ಯಾಷನಲ್ ವ್ಯಾನ್ ಆಫ್ ದಿ ಇಯರ್' ಪ್ರಶಸ್ತಿ ಇದಕ್ಕೇ ಬಂತು. 2011ರಲ್ಲಿ ನ್ಯೂಯಾರ್ಕ್ ನಗರ ತನ್ನ 'ಟ್ಯಾಕ್ಸಿ ಆಫ್ ಟುಮಾರೋ' ಅಂತ ಆರಿಸಿದ್ದೂ ಇದನ್ನೇ. ನಮ್ಮಲ್ಲಿಗೆ 2012ರ ಸೆಪ್ಟೆಂಬರಿನಲ್ಲಿ ಇವಾಲಿಯಾ ಅನ್ನೋ ಹೆಸರಿನಲ್ಲಿ ಬಂತು, ಚೆನ್ನೈ ಹತ್ತಿರದ ಒರಗಡಂ ಕಾರ್ಖಾನೆಯಲ್ಲಿ ತಯಾರಾಗಿ. ಅದೇ ವರ್ಷ ಏಪ್ರಿಲ್‌ನಲ್ಲಿ ಮಾರುತಿ ಎರ್ಟಿಗಾ ಬಂದಿತ್ತು. ಆಮೇಲಿನದು ನಿಮಗೆ ಗೊತ್ತೇ ಇದೆ. ಎರ್ಟಿಗಾ ಬೀದಿಗೊಂದು ಆಯ್ತು, ಇವಾಲಿಯಾ 2015ರ ಹೊತ್ತಿಗೆ ಕಾಣೆಯಾಯ್ತು. ಇದೇ ಗಾಡಿಗೆ ಬೇರೆ ಗ್ರಿಲ್ ಹಾಕಿ ಅಶೋಕ್ ಲೇಲ್ಯಾಂಡ್ 2013ರಲ್ಲಿ ಸ್ಟೈಲ್ ಅಂತ ಬಿಟ್ಟಿತು, ಅದೂ 2015ಕ್ಕೆ ಮುಗಿಯಿತು. ಸ್ಟೈಲ್ ವಿಚಾರ ನೆನಪಿಟ್ಟುಕೊಳ್ಳಿ, ಸ್ಪೇರ್ ಪಾರ್ಟ್ಸ್ ಮಾತು ಬಂದಾಗ ಬೇಕಾಗುತ್ತೆ.

ಯಾಕೆ ಓಡಲಿಲ್ಲ ಅಂತ ಕೇಳಿದರೆ ನನ್ನ ಪ್ರಕಾರ ಕಾರಣ ಒಂದೇ. ಕಾರು ಬೇಕು ಅಂತ ಶೋರೂಮಿಗೆ ಹೋದವರಿಗೆ ವ್ಯಾನ್ ತೋರಿಸಿದರು. ಮೊದಲ ಬ್ಯಾಚಿನ ಗಾಡಿಗಳಲ್ಲಿ ಮಧ್ಯದ ಸಾಲಿನ ಕಿಟಕಿ ತೆಗೆಯೋಕೇ ಬರುತ್ತಿರಲಿಲ್ಲ. ನಮ್ಮ ಸೆಕೆಗೆ, ವಾಂತಿ ಮಾಡುವ ಮಕ್ಕಳಿರುವ ನಮ್ಮ ಫ್ಯಾಮಿಲಿಗಳಿಗೆ, ಕಿಟಕಿ ತೆಗೆಯಲಾಗದ ಗಾಡಿ ಯಾರು ತಗೋತಾರೆ? 2013ರ ಕೊನೆಯಲ್ಲಿ ಅದನ್ನು ಸರಿಮಾಡಿ, ಮಧ್ಯದ ಸಾಲಿಗೆ ಪಕ್ಕಕ್ಕೆ ಸರಿಯುವ ಗಾಜು ಕೊಟ್ಟರು, ಮೇಲಿನ ಮಾಡೆಲ್‌ನಲ್ಲಿ ಕ್ಯಾಪ್ಟನ್ ಸೀಟು, ಅಂದರೆ ಒಬ್ಬೊಬ್ಬರಿಗೆ ಬೇರೆ ಬೇರೆ ಸೀಟು, ಕೊಟ್ಟರು. ಅಷ್ಟರಲ್ಲಿ ಹೆಸರು ಕೆಟ್ಟಿತ್ತು. ನನ್ನದು ಆ ಕಿಟಕಿ ತೆಗೆಯಲು ಬರುವ ಮಾಡೆಲ್. ನೀವು ಹುಡುಕುತ್ತಿದ್ದರೆ ಇದನ್ನೇ ಹುಡುಕಿ, ಹಳೆಯದು ಎಷ್ಟೇ ಕಡಿಮೆಗೆ ಸಿಕ್ಕರೂ ಬೇಡ.

ಅಳತೆ ಹೇಳಿಬಿಡುತ್ತೇನೆ. ಉದ್ದ 4.4 ಮೀಟರ್, ಅಗಲ 1.7 ಮೀಟರಿಗೂ ಒಂಚೂರು ಕಡಿಮೆ, ಎತ್ತರ 1.85 ಮೀಟರಿನ ಆಸುಪಾಸು. ಅಂದರೆ ರೋಡಿನ ಮೇಲೆ ಹಿಡಿಯುವ ಜಾಗ ಒಂದು ಸೆಡಾನಿನಷ್ಟೇ. ತಿರುಗಲು ಬೇಕಾದ ರೇಡಿಯಸ್ 5.2 ಮೀಟರ್. ಗಾಂಧಿಬಜಾರಿನ ಪಕ್ಕದ ಗಲ್ಲಿಗಳಲ್ಲಿ ನಾನು ಇದನ್ನು ಹ್ಯಾಚ್‌ಬ್ಯಾಕ್ ತಿರುಗಿಸಿದ ಹಾಗೆ ತಿರುಗಿಸುತ್ತೇನೆ. ಗೋಡೆ ಪಕ್ಕ ಒಂದು ಅಡಿ ಜಾಗ ಬಿಟ್ಟು ನಿಲ್ಲಿಸಿದರೂ ಬಾಗಿಲು ಹಿಂದಕ್ಕೆ ಸರಿಯುತ್ತೆ, ಒಳಗಿದ್ದವರು ಇಳಿಯಬಹುದು. ಮಕ್ಕಳು ಬಾಗಿಲು ತೆಗೆದು ಪಕ್ಕದ ಕಾರಿಗೆ ಹೊಡೆಯುವ ತಲೆನೋವೂ ಇಲ್ಲ. ನಮ್ಮ ಅಮ್ಮನಿಗೆ ಮಂಡಿ ನೋವು. ಎಸ್‌ಯುವಿ ಹತ್ತಬೇಕಾದರೆ ಕೈ ಹಿಡಿದು ಎತ್ತಬೇಕು, ಸಣ್ಣ ಕಾರಿನಲ್ಲಿ ಕುಸಿದು ಕೂರಬೇಕು. ಇದರಲ್ಲಿ ನೆಲ ತಗ್ಗು, ಬಾಗಿಲು ಎತ್ತರ. ನಡೆದುಕೊಂಡು ಬಂದು ಕೂತುಬಿಡುತ್ತಾರೆ. "ಇದನ್ನ ಮಾರಬೇಡ ಕಣೋ" ಅಂತ ಅವರದ್ದೇ ಆರ್ಡರ್.

ಇನ್ನು ಕೊನೇ ಸಾಲಿನ ಸೀಟು. ಎರಡು ಭಾಗ ಮಾಡಿ ಮಡಚಿ ಪಕ್ಕದ ಗೋಡೆಗೆ ಕಟ್ಟಬಹುದು. ಮಧ್ಯದ ಸೀಟನ್ನೂ ಮುಂದಕ್ಕೆ ಮಗುಚಿದರೆ ಹಿಂದೆ ಒಂದು ಸಣ್ಣ ರೂಮೇ ಆಗುತ್ತೆ. ಫ್ರಿಜ್ಜು, ಬೀರು, ಸೈಕಲ್ಲು, ಊರಿಂದ ತೆಂಗಿನಕಾಯಿ ಮೂಟೆ, ಮದುವೆಮನೆ ಪಾತ್ರೆ, ಎಲ್ಲಾ ತಂದಿದ್ದೇನೆ. ಹಿಂಬಾಗಿಲು ಮಾತ್ರ ತುಂಬಾ ದೊಡ್ಡದು, ಮೇಲಕ್ಕೆ ಏಳುವಂಥದ್ದು. ಹಿಂದೆ ಜಾಗ ಬಿಡದೆ ಪಾರ್ಕ್ ಮಾಡಿದರೆ ತೆಗೆಯೋಕಾಗಲ್ಲ. ಆದರೆ ಮಳೆ ಬರುವಾಗ ಅದರ ಕೆಳಗೆ ಸ್ಟೌ ಇಟ್ಟು ಟೀ ಕಾಸಬಹುದು, ಕಾಸಿದ್ದೇವೆ.

ಈಗ ಓಡಿಸುವ ವಿಚಾರ. ಎಂಜಿನ್ 1461 ಸಿಸಿ, ಕೆ9ಕೆ ಡೀಸೆಲ್, ರೆನೋದವರದ್ದು. 86 ಪಿಎಸ್ ಪವರ್, 2000 ಆರ್‌ಪಿಎಂನಲ್ಲಿ 200 ಎನ್‌ಎಂ ಟಾರ್ಕ್. ಐದು ಗೇರ್, ಗೇರ್ ಲಿವರ್ ಡ್ಯಾಶ್‌ಬೋರ್ಡಿನಲ್ಲೇ ಇದೆ. ಇಷ್ಟು ದೊಡ್ಡ ಬಾಡಿಗೆ ಇಷ್ಟು ಸಣ್ಣ ಎಂಜಿನ್ ಸಾಕಾಗುತ್ತಾ ಅಂತ ಎಲ್ಲರೂ ಕೇಳುತ್ತಾರೆ. ಒಬ್ಬಿಬ್ಬರು ಇದ್ದಾಗ ಏನೂ ಗೊತ್ತಾಗಲ್ಲ. ಗಾಡಿ ತುಂಬಾ ಜನ, ಮೇಲೆ ಲಗೇಜು, ಎಸಿ ಹಾಕಿಕೊಂಡು ಆಗುಂಬೆ ಘಾಟಿ ಹತ್ತಿ ನೋಡಿ, ಆಗ ಗೊತ್ತಾಗುತ್ತೆ. ಅಲ್ಲಿ 14 ಹೇರ್‌ಪಿನ್ ತಿರುವು. ಸೋಮೇಶ್ವರದ ಕಡೆಯಿಂದ ಬರುವಾಗ ತಿರುವಿನ ಒಳಗೆ ವೇಗ ಪೂರ್ತಿ ಇಳಿದುಬಿಟ್ಟರೆ ಟರ್ಬೋ ಮಲಗುತ್ತೆ, ಸೆಕೆಂಡ್ ಗೇರ್ ಎಳೆಯಲ್ಲ, ಎದುರಿಂದ ಬಸ್ಸು ಬಂದಿರುತ್ತೆ. ತಿರುವಿಗೆ ಮೊದಲೇ ಫಸ್ಟಿಗೆ ಹಾಕಿಕೊಳ್ಳುವುದನ್ನು ರೂಢಿ ಮಾಡಿಕೊಂಡರೆ ತೊಂದರೆ ಇಲ್ಲ. 2000 ದಾಟಿದ ಮೇಲೆ ಚೆನ್ನಾಗಿ ಎಳೆಯುತ್ತೆ. ಹೈವೇನಲ್ಲಿ 80-90ರಲ್ಲಿ ಹೋಗುವವರಿಗೆ ಇದು ಹೇಳಿ ಮಾಡಿಸಿದ ಗಾಡಿ. ನೂರರ ಮೇಲೆ ಎಂಜಿನ್ ಗದ್ದಲ, ಗಾಳಿ ಗದ್ದಲ ಎರಡೂ ಜಾಸ್ತಿ.

ಗಾಳಿ ಅಂದಾಗ ನೆನಪಾಯ್ತು. ಚಿತ್ರದುರ್ಗದ ಹತ್ತಿರ ಗುಡ್ಡದ ಮೇಲೆಲ್ಲಾ ಗಾಳಿಯಂತ್ರ ನಿಲ್ಲಿಸಿದ್ದಾರಲ್ಲ, ಸುಮ್ನೆ ನಿಲ್ಲಿಸಿಲ್ಲ ಅವನ್ನ. ಆಷಾಢದಲ್ಲಿ ಆ ಹೈವೇನಲ್ಲಿ ಹೋಗುವಾಗ ಪಕ್ಕದಿಂದ ಬೀಸುವ ಗಾಳಿಗೆ ಈ ಗಾಡಿ ಒಂದು ಲೇನು ಪಕ್ಕಕ್ಕೆ ಹೋಗೋಣ್ವಾ ಅನ್ನುತ್ತೆ. ಲಾರಿ ಓವರ್‌ಟೇಕ್ ಮಾಡುವಾಗ ಲಾರಿ ಮರೆಯಲ್ಲಿ ಗಾಳಿ ನಿಂತು, ಮುಂದೆ ಬಂದ ತಕ್ಷಣ ರಪ್ ಅಂತ ಹೊಡೆಯುತ್ತೆ. ಎರಡೂ ಕೈ ಸ್ಟೀರಿಂಗ್ ಮೇಲಿರಲಿ.

ಹಿಂದಿನ ಸಸ್ಪೆನ್ಷನ್ ಲೀಫ್ ಸ್ಪ್ರಿಂಗ್, ಅಂದರೆ ಪಟ್ಟಿ. ಖಾಲಿ ಇದ್ದಾಗ ಹಂಪು ಬಂದರೆ ಹಿಂದೆ ಕೂತವರು ಹಾರುತ್ತಾರೆ. ಜನ ತುಂಬಿದರೆ ಅದೇ ಗಾಡಿ ಸಾಧು ಆಗಿಬಿಡುತ್ತೆ. ಟೆಸ್ಟ್ ಡ್ರೈವಿಗೆ ಒಬ್ಬರೇ ಹೋಗಿ "ತುಂಬಾ ಕುಕ್ಕುತ್ತೆ" ಅಂತ ಬಿಟ್ಟುಬಂದವರನ್ನು ನೋಡಿದ್ದೇನೆ. ಹೋಗುವಾಗ ಮನೆಮಂದಿಯನ್ನೆಲ್ಲಾ ಕೂರಿಸಿಕೊಂಡು ಹೋಗಿ, ಹೇಗಿದ್ದರೂ ಅವರನ್ನು ಕೇಳದೆ ತಗೊಳ್ಳೋಕಾಗಲ್ಲ ಅಲ್ವಾ. ಸೀಟಿನ ದಿಂಬು ಮಾತ್ರ ತೆಳು. ದೂರದ ಪ್ರಯಾಣದಲ್ಲಿ ತೊಡೆಗೆ ಆಸರೆ ಸಾಲದು. ನಾನು ಮಧ್ಯದ ಸಾಲಿಗೆ ಹೊಸ ಫೋಮ್ ಹಾಕಿಸಿ ಕವರ್ ಹೊಲಿಸಿದೆ, ಖರ್ಚು ಮಾಡಿದ್ದರಲ್ಲಿ ಅತ್ಯಂತ ಉಪಯೋಗಕ್ಕೆ ಬಂದಿದ್ದು ಅದು.

ಮೈಲೇಜ್ ಕಾಗದದ ಮೇಲೆ ಲೀಟರಿಗೆ 19.3 ಕಿಲೋಮೀಟರ್. ನನಗೆ ಹೈವೇನಲ್ಲಿ 17ರ ಹತ್ತಿರ ಬರುತ್ತೆ, ಬೆಂಗಳೂರಿನ ಟ್ರಾಫಿಕ್‌ನಲ್ಲಿ 13. ಟ್ಯಾಂಕ್ 55 ಲೀಟರಿನದು, ಒಮ್ಮೆ ತುಂಬಿಸಿದರೆ ಊರಿಗೆ ಹೋಗಿ ಬಂದು ಇನ್ನೂ ಉಳಿದಿರುತ್ತೆ.

ಈಗ ಮುಖ್ಯವಾದ ಮಾತಿಗೆ ಬರುತ್ತೇನೆ, ಟೈಮಿಂಗ್ ಬೆಲ್ಟ್, ಅಂದರೆ ಎಂಜಿನ್ನಿನ ವಾಲ್ವ್ ಮತ್ತು ಪಿಸ್ಟನ್ ತಾಳ ತಪ್ಪದ ಹಾಗೆ ಓಡಿಸುವ ಪಟ್ಟಿ. ಈ ಎಂಜಿನ್‌ನಲ್ಲಿ ಚೈನ್ ಇಲ್ಲ, ರಬ್ಬರ್ ಬೆಲ್ಟ್ ಇದೆ. ಓಡುವಾಗ ಅದು ತುಂಡಾದರೆ ವಾಲ್ವ್ ಹೋಗಿ ಪಿಸ್ಟನ್‌ಗೆ ಬಡಿಯುತ್ತೆ, ಎಂಜಿನ್ ಬಿಚ್ಚಬೇಕು, ಆ ಬಿಲ್ಲಿನಲ್ಲಿ ಇನ್ನೊಂದು ಇವಾಲಿಯಾ ಬರುತ್ತೋ ಏನೋ. ನಾನು ಗಾಡಿ ತಗೊಂಡ ಹೊಸದರಲ್ಲಿ ಒಂದು ಗ್ಯಾರೇಜಿಗೆ ಹೋದೆ. "ಸಾರ್, ಇದರಲ್ಲಿ ಚೈನ್ ಇರೋದು, ಮುಟ್ಟೋದೇ ಬೇಡ" ಅಂತ ಅಲ್ಲಿಯವನು ಗಟ್ಟಿಯಾಗಿ ಹೇಳಿದ. ನಂಬಿಕೆ ಬರಲಿಲ್ಲ. ಇದೇ ಎಂಜಿನ್ ಇರುವ ರೆನೋ ಡಸ್ಟರ್ ಕೆಲಸ ಮಾಡುವ ಬೇರೊಬ್ಬ ಮೇಸ್ತ್ರಿ ಹತ್ತಿರ ಹೋದೆ. ಅವರು ಮೇಲಿನ ಪ್ಲಾಸ್ಟಿಕ್ ಕವರ್ ಬಿಚ್ಚಿ ಟಾರ್ಚ್ ಬಿಟ್ಟು ತೋರಿಸಿದರು. ಬೆಲ್ಟಿನ ಒಂದು ಅಂಚು ಪೂರ್ತಿ ಎಳೆ ಎಳೆಯಾಗಿ ಬಿಟ್ಟುಕೊಂಡಿತ್ತು, ಬೆನ್ನಿನ ಮೇಲೆ ಸಣ್ಣ ಸಣ್ಣ ಬಿರುಕು, ಉಗುರಿನಿಂದ ಒತ್ತಿದರೆ ಬಾಯಿ ಬಿಡುತ್ತಿತ್ತು. "ಅಣ್ಣ, ಇದು ಇನ್ನು ಒಂದು ಘಾಟಿ ಹತ್ತುತ್ತಿರಲಿಲ್ಲ" ಅಂದರು. ಬೆಲ್ಟ್, ಅದನ್ನು ಬಿಗಿಯಾಗಿ ಹಿಡಿಯುವ ಟೆನ್ಷನರ್, ವಾಟರ್ ಪಂಪ್, ಮೂರನ್ನೂ ಒಟ್ಟಿಗೇ ಬದಲಾಯಿಸಿದೆವು. ನೀರಿನ ಪಂಪು ತಿರುಗುವುದೂ ಇದೇ ಬೆಲ್ಟಿನಿಂದ, ಅದೊಂದನ್ನು ಬಿಟ್ಟು ಉಳಿತಾಯ ಮಾಡಿದರೆ ನಾಳೆ ಅದು ಸೋರಿದಾಗ ಎಲ್ಲಾ ಮತ್ತೆ ಬಿಚ್ಚಬೇಕು. ನೀವು ಯಾವ ಇವಾಲಿಯಾ ತಗೊಂಡರೂ, ಮಾರುವವರು ಏನೇ ಹೇಳಲಿ, ಬಿಲ್ಲು ಕಣ್ಣಿಗೆ ಕಾಣದಿದ್ದರೆ ಬೆಲ್ಟ್ ಹಾಕಿಲ್ಲ ಅಂತಲೇ ಲೆಕ್ಕ. ಆ ಖರ್ಚನ್ನು ರೇಟಿನಲ್ಲಿ ಕಳೆಯಿರಿ.

ಎರಡನೆಯದು ಸ್ಲೈಡಿಂಗ್ ಬಾಗಿಲು. ಇದೇ ಈ ಗಾಡಿಯ ಶೋಭೆ, ಇದೇ ಅದರ ಕಾಟ. ಬಾಗಿಲಿನ ಭಾರ ಮೂರು ರೋಲರ್ ಮೇಲೆ ನಿಂತಿರುತ್ತೆ. ಮಧ್ಯದ ರೈಲು ಹೊರಗಡೆ, ಹಿಂದಿನ ಕಿಟಕಿ ಕೆಳಗೆ ಇದೆ. ಮಲೆನಾಡಿನ ಕೆಂಪು ಧೂಳು ಹೋಗಿ ಗ್ರೀಸಿಗೆ ಅಂಟಿ ಅರೆದ ಹಾಗಾಗುತ್ತೆ, ರೋಲರ್ ಸವೆಯುತ್ತೆ, ಬಾಗಿಲು ಒಂದೆರಡು ಮಿಲಿಮೀಟರ್ ಕೆಳಗೆ ಇಳಿಯುತ್ತೆ. ಆಮೇಲೆ ಲಾಕು ಕೂರಲ್ಲ, ಹಾಕುವಾಗ ಎತ್ತಿ ಹಾಕಬೇಕು. ನೋಡಲು ಹೋದಾಗ ಬಾಗಿಲನ್ನು ಅರ್ಧ ತೆಗೆದು ಹಿಂದಿನ ತುದಿ ಹಿಡಿದು ಮೇಲಕ್ಕೆ ಎತ್ತಿ ನೋಡಿ. ಲೊಡಲೊಡ ಅಂದರೆ ರೋಲರ್ ಹೋಗಿದೆ. ಹಳೇ ಗ್ರೀಸನ್ನು ಸೀಮೆಎಣ್ಣೆ ಬಟ್ಟೆಯಲ್ಲಿ ಒರೆಸಿ ಹೊಸದು ತೆಳ್ಳಗೆ ಹಚ್ಚಿದರೆ ಸಾಕು, ಮೆತ್ತಬೇಡಿ.

ಪಾರ್ಟ್ಸ್ ಸಿಗುತ್ತಾ? ಎಂಜಿನ್ನಿನದು ಸಿಗುತ್ತೆ, ಚಿಂತೆ ಬೇಡ. ಡಸ್ಟರ್, ಸನ್ನಿ, ಮೈಕ್ರಾ, ಟೆರಾನೋ, ಲೋಗನ್, ಎಲ್ಲದರ ಡೀಸೆಲ್ಲೂ ಇದೇ ಕೆ9ಕೆ. ಬೆಂಗಳೂರಿನ ಜೆಸಿ ರೋಡಿನ ಪಾರ್ಟ್ಸ್ ಅಂಗಡಿಗಳಲ್ಲಿ ಇವಾಲಿಯಾ ಅಂತ ಕೇಳಿದರೆ "ಇಲ್ಲ ಸಾರ್" ಅಂತಾರೆ, ಡಸ್ಟರ್ 85 ಪಿಎಸ್ ಅಂತ ಕೇಳಿದರೆ ಅದೇ ಅಂಗಡಿಯವರು ಕೌಂಟರ್ ಕೆಳಗಿಂದ ತೆಗೆದುಕೊಡುತ್ತಾರೆ. ಹಳೇ ಪಾರ್ಟಿನ ನಂಬರ್ ಫೋಟೋ ಹೊಡೆದುಕೊಂಡು ಹೋಗಿ ತಾಳೆ ನೋಡಿ ತಗೊಳ್ಳಿ, ಅಷ್ಟೇ. ಕಷ್ಟ ಇರುವುದು ಬಾಡಿ ಸಾಮಾನಿಗೆ. ಬಾಗಿಲಿನ ಗಾಜು, ಹಿಂದಿನ ಗಾಜು, ರೋಲರ್, ಹಿಡಿ, ಟೈಲ್ ಲ್ಯಾಂಪು. ಇಲ್ಲಿ ಸ್ಟೈಲ್ ನೆರವಿಗೆ ಬರುತ್ತೆ. ಗುಜರಿಗೆ ಬಂದ ಸ್ಟೈಲ್ ಯಾವುದಾದರೂ ಕಂಡರೆ ಬಾಗಿಲು, ಗಾಜು ಇದಕ್ಕೆ ಆಗುತ್ತೆ. ಗುಜರಿಯವರ ಹತ್ತಿರ ನಂಬರ್ ಕೊಟ್ಟಿಟ್ಟಿರಿ, ಬಂದಾಗ ಫೋನ್ ಮಾಡುತ್ತಾರೆ.

ಕೊಳ್ಳುವವರಿಗೆ ಇನ್ನೊಂದೆರಡು ಮಾತು. ಇವಾಲಿಯಾಗಳಲ್ಲಿ ಹಳದಿ ಬೋರ್ಡಿನಲ್ಲಿ ಓಡಿದವು ಬಹಳ. ಕಂಪನಿ ಪಿಕಪ್, ಏರ್‌ಪೋರ್ಟ್ ಅಂತ ಹಗಲು ರಾತ್ರಿ ದುಡಿದು, ಆಮೇಲೆ ಬಿಳಿ ಬೋರ್ಡ್ ಆಗಿರುತ್ತವೆ. ಮೀಟರ್ ನಂಬಬೇಡಿ. ಸ್ಟೀರಿಂಗ್ ನುಣುಪಾಗಿ ಹೊಳೆಯುತ್ತಿದೆಯಾ, ಕ್ಲಚ್ ಪೆಡಲಿನ ರಬ್ಬರ್ ಸವೆದಿದೆಯಾ, ಸ್ಪೀಡ್ ಗವರ್ನರ್ ಕೂರಿಸಿದ್ದ ಗುರುತಿದೆಯಾ ನೋಡಿ. ಆರ್‌ಸಿಯ ಹಳೇ ವಿವರ ಆರ್‌ಟಿಒದಲ್ಲಿ ಕೇಳಿ ತಿಳಿದುಕೊಳ್ಳಿ. ದೆಹಲಿ ಕಡೆಯ ಗಾಡಿ ಕಡಿಮೆಗೆ ಬರುತ್ತೆ, ಯಾಕಂದರೆ ಅಲ್ಲಿ ಹತ್ತು ವರ್ಷ ದಾಟಿದ ಡೀಸೆಲ್ ಗಾಡಿಗೆ ನಿರ್ಬಂಧ ಬಂದಿತ್ತು. ಎನ್‌ಒಸಿ ತಂದು ಇಲ್ಲಿ ಲೈಫ್ ಟ್ಯಾಕ್ಸ್ ಕಟ್ಟಿ ನಂಬರ್ ಬದಲಾಯಿಸುವಷ್ಟರಲ್ಲಿ ಉಳಿಸಿದ್ದೆಲ್ಲಾ ಹೋಗಿರುತ್ತೆ, ಓಡಾಟ ಬೇರೆ. ಏರ್‌ಬ್ಯಾಗು, ಎಬಿಎಸ್ಸು ಎಲ್ಲಾ ಮಾಡೆಲ್‌ಗೂ ಕೊಟ್ಟಿರಲಿಲ್ಲ, ನೋಡಿ ಆರಿಸಿ. ಇವತ್ತಿನ ಗಾಡಿಗಳ ಸೇಫ್ಟಿಗೆ ಇದನ್ನು ಹೋಲಿಸಲೇಬೇಡಿ, ಸೋಲುತ್ತೆ.

ಇತ್ತೀಚೆಗೆ ಹುಡುಗರು ಇದನ್ನು ಕ್ಯಾಂಪರ್, ಅಂದರೆ ಒಳಗೇ ಮಲಗಿ ಊರೂರು ಸುತ್ತುವ ಗಾಡಿ, ಮಾಡೋಕೆ ಹುಡುಕುತ್ತಿದ್ದಾರೆ. ಒಳ್ಳೇ ಆಯ್ಕೆ, ಕಾಲು ಚಾಚಿ ಮಲಗಬಹುದು. ಆದರೆ ಸೀಟು ಕಿತ್ತು, ತಗಡು ಕೊರೆದು, ರೂಫಿಗೆ ತೂತು ಮಾಡುವ ಮೊದಲು ಮೋಟಾರು ವಾಹನ ಕಾಯ್ದೆಯ 52ನೇ ಸೆಕ್ಷನ್ ಏನು ಹೇಳುತ್ತೆ ಅಂತ ಓದಿಕೊಳ್ಳಿ. ಆರ್‌ಸಿಯಲ್ಲಿರುವ ವಿವರಕ್ಕೆ ಹೊಂದದ ಹಾಗೆ ಗಾಡಿ ಬದಲಾಯಿಸುವಂತಿಲ್ಲ. ನಾನು ಪ್ಲೈವುಡ್ಡಿನ ಎರಡು ಹಲಗೆಗೆ ಮಡಚುವ ಕಾಲು ಹಾಕಿಸಿ ಮಂಚ ಮಾಡಿಕೊಂಡಿದ್ದೇನೆ. ಬೇಕಾದಾಗ ಒಳಗೆ, ಬೇಡದಾಗ ಮನೆ ಅಟ್ಟದ ಮೇಲೆ.

ನನ್ನ ಗಾಡಿಗೆ 2028ಕ್ಕೆ 15 ವರ್ಷ ತುಂಬುತ್ತೆ. ಎಫ್‌ಸಿ ಮಾಡಿಸಿ, ಗ್ರೀನ್ ಟ್ಯಾಕ್ಸ್ ಕಟ್ಟಿ ಇನ್ನೈದು ವರ್ಷ ಮುಂದುವರಿಸುವ ಯೋಚನೆ ಇದೆ. ಅಷ್ಟರೊಳಗೆ ಎಡಗಡೆ ಬಾಗಿಲಿಗೆ ಒಂದು ಗಾಜು, ಒಂದು ಜೊತೆ ರೋಲರ್ ತೆಗೆದಿಟ್ಟುಕೊಳ್ಳಬೇಕು. ಯಾರ ಹತ್ತಿರವಾದರೂ ಇದ್ದರೆ ಹೇಳಿ, ನ್ಯಾಯವಾದ ರೇಟ್ ಕೊಡುತ್ತೇನೆ.